ಹನ್ನೊಂದನೆಯ ಸಾಲು

ಕೀಲಿ ಕೊಟ್ಟರೆ ಇಪ್ಪತ್ತೈದು ಸೆಕೆಂಡು,
ಅಷ್ಟೇ ಈ ಕ್ಯಾಮೆರಾದ ಉಸಿರು.
ಸೂಜಿಗೆ ನೂಲು ಪೋಣಿಸಲಿಕ್ಕೇ
ಹೆಲ್ವೆಗೆ ಅದಕ್ಕಿಂತ ಹೆಚ್ಚು ಹೊತ್ತು ಬೇಕು.

ಎಸ್ಟೋನಿಯಾದ ಜೌಗು. ಹಲಗೆ ತಪ್ಪಿದರೆ ಮೊಣಕಾಲುದ್ದ ಪಾಚಿ.
ನೂರು ವರ್ಷಕ್ಕೂ ಆಳೆತ್ತರ ಮುಟ್ಟದ ಎರಡು ಪೈನ್ ಮರಗಳಿಗೆ
ಅಗಸೆ ನಾರಿನ ಬಟ್ಟೆ ಕಟ್ಟಿದ್ದಾಳೆ, ಕೆಳಗಿನ ಅಂಚು ಮಡುವಿನಲ್ಲಿ.
ಚಹಾ ಬಣ್ಣದ ನೀರು
ದಿನಕ್ಕಿಷ್ಟೆಂದು ಬಟ್ಟೆ ಹತ್ತುತ್ತದೆ.
ಎಲ್ಲಿಗೆ ಹತ್ತಿತೋ ಅಲ್ಲಿಗೆ, ಸಂಜೆ, ಒಂದು ಸಾಲು ಹೊಲಿಗೆ.
ನಾನು ಬಂದಾಗ ಏಳಿದ್ದವು.
ಕೆಂಪು ನೂಲು, ಅಜ್ಜಿಯ ಪಟ್ಟೆಲಂಗದಿಂದ ಬಿಚ್ಚಿದ್ದು.

ನನ್ನದು ಕಪ್ಪು-ಬಿಳುಪು ಫಿಲ್ಮು, ಅವಧಿ ಮೀರಿದ್ದು,
ತಾರ್ತುವಿನ ಯಾವುದೋ ಶಾಲೆಯ ಉಗ್ರಾಣದ್ದು.
"ಕೆಂಪು ಬರುವುದಿಲ್ಲ" ಎಂದೆ.
"ನೀರಿಗೂ ಕಾಣುವುದಿಲ್ಲ ಬಿಡು" ಎಂದಳು.

ಮೂರು ದಿನ ಬರೀ ಕೈ ಹಿಡಿದೆ.
ಲೆನ್ಸಿನ ಮುಂದೆ ಪಾಚಿ ಹಿಂಡಿ ನೋಡಿದೆ,
ಸುರುಳಿ ಹಿಂದಕ್ಕೆ ಸುತ್ತಿ
ಅವಳ ಬೆರಳ ಮೇಲೆ ಮೋಡ ಓಡಿಸಿದೆ.
ಒಮ್ಮೆಯೂ ಇತ್ತ ನೋಡಲಿಲ್ಲ ಮಹಾರಾಯ್ತಿ.
ಸೊಳ್ಳೆಗಳಿಗೂ ನನಗೂ ಸಿಕ್ಕ ಮರ್ಯಾದೆ ಒಂದೇ;
ಅವಕ್ಕೆ ರಕ್ತವಾದರೂ ಸಿಕ್ಕಿತು.

ನಾಲ್ಕನೆಯ ಸಂಜೆ
(ಸಂಜೆ ಎಂದರೆ ರಾತ್ರಿ ಹನ್ನೊಂದು,
ಜೂನಿನಲ್ಲಿ ಇಲ್ಲಿ ಕತ್ತಲಿಗೆ ರಜೆ)
ಗುಂಡಿ ಒತ್ತಿದೆ. ಗರ್‍ರ್‍ರ್ ಎಂದು ಓಡಿತು ಫಿಲ್ಮು.
ಮರಗಳಾಚೆಯಿಂದ ಇನ್ನೊಂದು ಗರ್‍ರ್‍ರ್.
ನಿಲ್ಲಿಸಿದೆ. ಅದೂ ನಿಂತಿತು.
ಒತ್ತಿದೆ. ಈ ಸಲ ಇನ್ನೂ ಹತ್ತಿರ, ಇನ್ನೂ ಸಿಟ್ಟು.
ನತ್ತಿಂಗ!
ನನ್ನ ಹಳೆಯ ಯಂತ್ರವನ್ನು
ತನ್ನ ಸರಹದ್ದಿಗೆ ನುಗ್ಗಿದ ಗಂಡೆಂದು ಬಗೆದು
ನೆತ್ತಿಯ ಮೇಲೆ ಬಂದು ರೆಕ್ಕೆ ಚಟಾರನೆ ಬಡಿದುಹೋಯಿತು.

ಹೆಲ್ವೆ ನಕ್ಕಳು.
ಎಪ್ಪತ್ತೊಂದರ ಹೆಂಗಸು, ಹೆಗಲು ಕುಣಿಯುವಂತೆ,
ಕೈಯಲ್ಲಿ ಸೂಜಿ ಇದೆಯೆಂಬುದನ್ನೇ ಮರೆತು.
ಆ ಹೊತ್ತಿಗೆ ನನ್ನ ಕೀಲಿ ಮುಗಿದಿತ್ತು.

ಬರ್ಚ್ ಎಲೆಯ ಕಷಾಯಕ್ಕೆ ಒಗೆಯುವ ಸೋಡಾ ಬೆರೆಸಿ
ಸೌನಾದ ಕತ್ತಲಲ್ಲಿ, ಬಕೆಟ್ಟಿನಲ್ಲಿ, ಫಿಲ್ಮು ತೊಳೆದೆ.
ಒದ್ದೆ ಪಟ್ಟಿಯನ್ನು ಕಿಟಕಿಗೆ ಹಿಡಿದು
ಅವಳು ಬಹಳ ಹೊತ್ತು ನೋಡಿದಳು.
"ಹಕ್ಕಿ ಎಲ್ಲಿ?"

ಕೊನೆಯ ದಿನ ತೆಗೆದ ಚೌಕಗಳಲ್ಲಿ
ಹನ್ನೊಂದನೆಯ ಸಾಲು ನಡುವೆ ಒಂದು ಕಡೆ
ಕುಪ್ಪಳಿಸಿದೆ, ಗೋಧಿಕಾಳಿನಷ್ಟು.
ಅಲ್ಲಿ ಬೆರಳಿಟ್ಟೆ.

"ಅದು ನನ್ನ ಹೊಲಿಗೆ ತಪ್ಪಿದ್ದು" ಎಂದಳು.
"ಹೌದು" ಎಂದೆ.

ಮರುದಿನ ಹೋದಾಗ
ಬಿಚ್ಚುತ್ತಾಳೇನೋ ಎಂದು ಕಾದೆ.
ನೀರು ಎಲ್ಲಿಗೆ ಬಂದಿದೆಯೆಂದು ಬಗ್ಗಿ ನೋಡಿ
ಅವಳು ಹೊಸ ನೂಲನ್ನು ಹಲ್ಲಿನಿಂದ ಕಡಿದಳು.