ಮೈನಸ್ ಒಂದರಲ್ಲಿ

ಕುತೈಸಿಯಲ್ಲಿ ಕರೆಂಟು ಹೋದ ಸಂಜೆ
ಸೀಮೆಎಣ್ಣೆ ಒಲೆಯ ಬೆಳಕಲ್ಲಿ ನಾನುಲಿ ಟೀಚರು
ಬಹುಪದೋಕ್ತಿಯ ಸಿಪ್ಪೆ ಬಿಡಿಸುತ್ತಾರೆ:
ಎಕ್ಸ್ ಮೈನಸ್ ಎರಡು, ಒಂದು ಸಲ.
ಎಕ್ಸ್ ಪ್ಲಸ್ ಒಂದು, ಎರಡು ಸಲ.

ಎರಡರ ಬಳಿ ಗೆರೆ ಅಕ್ಷವನ್ನು ಸೀಳಿಕೊಂಡು ಮೇಲೆ ಹೋಗುತ್ತದೆ,
ರಿಯೋನಿ ಸೇತುವೆ ದಾಟುವ ಬಸ್ಸು.

ಮೈನಸ್ ಒಂದರಲ್ಲಿ ಏನಾಗುತ್ತದೆ?
ಜುರಾಬ್ ಕೈ ಎತ್ತುವುದಿಲ್ಲ.
ಭಾನುವಾರ ಅಪ್ಪ ಬಂದಿದ್ದ,
ಹೊಸ್ತಿಲಿಗೆ ಬೂಟಿನ ತುದಿ ತಾಗಿಸಿ
ಒಂದು ಚೀಲ ಅಕ್ರೋಟು ಇಳಿಸಿ
ಹಾಗೇ ಮೆಟ್ಟಿಲಿಳಿದ.

ಬಿಂದು ಒಂದೇ, ಎನ್ನುತ್ತಾರೆ ಟೀಚರು
ಸೀಮೆಸುಣ್ಣದ ಬೆರಳು ಸ್ಕರ್ಟಿಗೆ ಒರೆಸುತ್ತ,
ಆದರೂ ಎರಡು ಸಲ ಎಣಿಸಿ,
ಇಲ್ಲವಾದರೆ ಘನಕ್ಕೆ ಮೂರು ಸೊನ್ನೆ ಎಲ್ಲಿಂದ ತರುತ್ತೀರಿ?

ಪೆನ್ಸಿಲು ನೆಕ್ಕಿ ಜುರಾಬ್ ಬರೆಯುತ್ತಾನೆ:
ಎರಡು.
ಮೈನಸ್ ಒಂದು.
ಸ್ವಲ್ಪ ತಡೆದು,
ಮೈನಸ್ ಒಂದು.