ಬಾಡಿಗೆ ಪ್ರೊಜೆಕ್ಟರು

ಕ್ಯಾಮೆರಾ ಮುಟ್ಟದೆ ಮಾಡಿದೆ ಇದನ್ನು, ಯಾಜೆಪ್ಸ್.
ಇದ್ದಿದ್ದರೆ ಬೈಯುತ್ತಿದ್ದೆ, ಮೈಗಳ್ಳತನ ಎಂದು.

ಹದಿನಾರು ಮಿಲಿಮೀಟರಿನ ಬೋಳು ಫಿಲ್ಮು,
ಅದರ ಮೇಲೆ ಗೋಂದು, ಗೋಂದಿನ ಮೇಲೆ
ನಿನ್ನ ಬಾಚಣಿಗೆಯಲ್ಲಿ ಉಳಿದ ಕೂದಲು,
ಮೇಜುದೀಪಕ್ಕೆ ಬಿದ್ದು ಸತ್ತ ಪತಂಗಗಳ ರೆಕ್ಕೆ,
ತಾಮ್ರದ ತಗಡು ಕೊರೆಯುವಾಗ ಉದುರಿಸಿದ ಪುಡಿ,
ಕೊನೆಯ ಭಾನುವಾರ ಹುರಿದೆಯಲ್ಲ, ಆ ಮೀನಿನ ಹುರುಪೆ
(ಸಿಂಕಿನ ಜಾಲರಿಯಿಂದ ಹೆಕ್ಕಿದ್ದು).
ಒಂದು ಉಗುರೂ ಸಿಕ್ಕಿತ್ತು.
ಅಂಟಿಸಲಿಲ್ಲ.

ಸೆಕೆಂಡಿಗೆ ಇಪ್ಪತ್ನಾಲ್ಕು ಚೌಕ.
ನಿನ್ನ ಒಂದು ಕೂದಲು ಹನ್ನೆರಡು ಚೌಕ ದಾಟುತ್ತದೆ,
ಎಂದರೆ ಅರ್ಧ ಸೆಕೆಂಡಿನ ನೀನು.
ತಲೆ ಬೋಳಾಗುವ ಮೊದಲೇ ಸತ್ತಿದ್ದರೆ
ಸಿನಿಮಾ ಇನ್ನಷ್ಟು ಉದ್ದವಿರುತ್ತಿತ್ತು.
ಹೀಗೆ ಲೆಕ್ಕ ಹಾಕುತ್ತಾ
ಫೆಬ್ರವರಿ ಇಡೀ ಕಳೆದೆ.
ಹೊರಗೆ ದೌಗವಾ ನದಿ ಕಲ್ಲಾಗಿತ್ತು,
ಏಳನೆಯ ನಂಬರಿನ ಟ್ರಾಮು ತಿರುವಿನಲ್ಲಿ
ಹಲ್ಲು ಕಡಿಯುತ್ತಿತ್ತು.

ನಿನ್ನೆ, ಮುಚ್ಚಿಹೋದ ಗುಂಡಿ ಕಾರ್ಖಾನೆಯಲ್ಲಿ,
ಮೊಣಕಾಲ ಮೇಲೆ ಕಂಬಳಿ ಹೊದ್ದ ಹತ್ತೊಂಬತ್ತು ಮಂದಿ.
ಲಿಯೆಪಾಯದಿಂದ ಬಸ್ಸು ಹಿಡಿದು ಬಂದಿದ್ದಳು
ನಿನ್ನ ಅಕ್ಕ ಔಸ್ತ್ರ,
ಕಂಕುಳಲ್ಲಿ ಒಂದು ಇಡೀ ಕಪ್ಪು ರೊಟ್ಟಿ.

ದೀಪ ಹೊತ್ತಿತು.
ಗೋಡೆಯ ಮೇಲೆ ರೆಕ್ಕೆ, ಹತ್ತಾಳು ಎತ್ತರ,
ನರ ನರ ಎಣಿಸಬಹುದಾದ ರೆಕ್ಕೆ,
ಆಮೇಲೆ ತಾಮ್ರ, ಕಪ್ಪು ಆಲಿಕಲ್ಲಿನಂತೆ.
ಆಮೇಲೆ ಹುರುಪೆ ಬಂದು ಸಿಕ್ಕಿಕೊಂಡಿತು.
ನಿಂತ ಚೌಕ ನಡುವಿನಿಂದ ಕಂದಾಗಿ, ಉಬ್ಬಿ,
ಕರಗಿತು. ಹಾಲಿನ ತುಂಬ
ಹುರಿದ ಮೀನಿನ ವಾಸನೆ.
ಯಾರೋ ಕಿಸಕ್ಕೆಂದರು. ನಾನೂ ನಕ್ಕೆ.
ಕತ್ತರಿಸಿ, ಅಂಟುಪಟ್ಟಿ ಹಾಕಿ, ಮತ್ತೆ ಓಡಿಸಿದೆ.

ಕೊನೆಯ ಹನ್ನೊಂದು ಸೆಕೆಂಡು ಬರೀ ಬಿಳಿ.
ಅದೊಂದೇ ನಾನು ತೆಗೆದದ್ದು, ಮೂರು ಚಳಿಗಾಲದ ಹಿಂದೆ,
ನದಿಯ ಮೇಲೆ ನೀನು ನಡೆದು ಬರುವುದನ್ನು.
ನಡೆದು ಬಂದವನು ನೆಟ್ಟಗೆ ಬಂದು
"ಒಳಗೆ ನಾನಿದ್ದೇನಾ, ನೋಡೋಣ" ಎಂದು
ಕ್ಯಾಮೆರಾದ ಮುಚ್ಚಳ ತೆಗೆದುಬಿಟ್ಟೆ.

"ಅವನ ಮುಖ ಎಲ್ಲಿ?" ಎಂದಳು ಔಸ್ತ್ರ.
ಮುಚ್ಚಳದ ಕತೆ ಹೇಳಲು ಬಾಯಿ ತೆರೆದೆ,
ಹೇಳಲಾಗಲಿಲ್ಲ.
ಅವಳು ರೊಟ್ಟಿಯನ್ನು ಕುರ್ಚಿಯ ಮೇಲಿಟ್ಟು
ಪ್ರೊಜೆಕ್ಟರಿನ ಹತ್ತಿರ ಬಂದಳು,
ಫಿಲ್ಮು ಸಾಗುವ ಸೀಳಿನಲ್ಲಿ ಉದುರಿದ್ದನ್ನೆಲ್ಲ,
ರೆಕ್ಕೆಯ ಹುಡಿ, ತುಂಡು ಕೂದಲು, ಮಸಿ,
ಕರವಸ್ತ್ರದಲ್ಲಿ ಒರೆಸಿ, ನಾಲ್ಕು ಮಡಿಕೆ ಮಾಡಿ
ಚೀಲಕ್ಕೆ ಹಾಕಿಕೊಂಡಳು.
ಬಸ್ಸಿಗೆ ಹೊತ್ತಾಯಿತು ಎಂದಳು.

ಪ್ರತಿ ಓಟಕ್ಕೂ ಇಷ್ಟಿಷ್ಟೇ ಉದುರುತ್ತೀಯ.
ಪ್ರತಿ ತೆಗೆಸಿಲ್ಲ, ತೆಗೆಸುವುದೂ ಇಲ್ಲ.

ಪ್ರೊಜೆಕ್ಟರು ಬಾಡಿಗೆಯದು,
ಗುರುವಾರ ಹಿಂತಿರುಗಿಸಬೇಕು.
ಸ್ಪಿರಿಟ್ಟು ಹಾಕಿ ಎರಡು ಸಲ ಉಜ್ಜಿದೆ,
ಮೀನಿನ ವಾಸನೆ ಇನ್ನೂ ಇದೆ.