ಗಂಟು

ಗಂಟೆಗೆ ಸಾವಿರದಿನ್ನೂರು. ಡೀಸೆಲ್ ನನ್ನದೇ.
ಟೇಕಲ್ಲಿನಿಂದ ಲಕ್ಕೂರಿನ ತನಕ
ನನ್ನ ರೋಟವೇಟರಿನ ಕತ್ತಿಗಳು ಮೇಯದ ಹೊಲ ಕಡಿಮೆ.
"ಹಿಟ್ಟಿನಂಗೆ ಮಾಡಿಕೊಡು ಬೈಯಣ್ಣ" ಅನ್ನುತ್ತಾರೆ.
ಮಾಡಿಕೊಡುತ್ತೇನೆ. ಎರಡು ಸಾಲು, ಬೇಕೆಂದರೆ ಮೂರು.
ವಸ್ತ್ರಗಾಳಿಸಿದ ಹಾಗೆ ಮಲಗುತ್ತದೆ ಕೆಮ್ಮಣ್ಣು,
ಬರಿಗಾಲಿಟ್ಟರೆ ಹೆಬ್ಬೆರಳಿನ ಗೆರೆ ಕೂಡ ಮೂಡುತ್ತದೆ.
ನನಗೂ ಹೆಮ್ಮೆಯೇ.

ಪಿಳ್ಳಕ್ಕನ ಅರ್ಧ ಎಕರೆ ಮಾತ್ರ ಬಾಕಿ.
ಬದುವಿನ ಮೇಲೆ ನಿಂತು ಸಗಣಿ ಕೈ ಅಡ್ಡ ಹಿಡಿದಳು:
"ಇಳೀಬೇಡ. ಗಂಟು ಹೋಗುತ್ತೆ."
"ಯಾವ ಗಂಟಮ್ಮಾ, ಹೂತಿಟ್ಟಿದ್ದೀಯಾ?"
ನಾನು ನಕ್ಕೆ. ಅವಳು ನಗಲಿಲ್ಲ.

ಅವಳ ಕಡೆಯವರು ಕೆರೆ ಏರಿ ಕಟ್ಟಿದ ಜನ.
ಯಾವ ಮಣ್ಣು ನೀರಿಗೆ ನಿಲ್ಲುತ್ತೆ, ಯಾವುದು ಕೈಕೊಡುತ್ತೆ
ಅವರಿಗದು ಹೊಟ್ಟೆಪಾಡಿನ ಲೆಕ್ಕ.
ಟೀ ಅಂಗಡಿಯ ಎರಡು ಗಾಜಿನ ಲೋಟ ತರಿಸಿದಳು.
ಕದಿರಪ್ಪನ ಹೊಲದ ಒಣ ಹೆಂಟೆ ಒಂದು
(ಆರು ವರ್ಷದಿಂದ ನಾನೇ ಪುಡಿ ಮಾಡಿದ್ದು)
ಅವಳದೊಂದು, ಹುಣಸೆ ಬೀಜದಷ್ಟು.
ಒಟ್ಟಿಗೆ ನೀರಿಗೆ ಬಿಟ್ಟಳು.

ಕದಿರಪ್ಪನದು ಬಾಯಿ ಬಿಟ್ಟಿತು.
ಬುಸ್ ಎಂದು ಗಾಳಿ ಕಕ್ಕಿ, ಬದಿ ಬಿರಿದು,
ಬೀಡಿ ಹಚ್ಚುವಷ್ಟರಲ್ಲಿ ತಳಕ್ಕೆ ಕೆಸರು, ಮೇಲೆ ಕೆಂಪು ನೀರು.
ಅವಳದು ನಾಲ್ಕು ಗುಳ್ಳೆ ಬಿಟ್ಟು ಸುಮ್ಮನಾಯಿತು.
ಬೀಡಿ ಮುಗಿಯಿತು. ಇನ್ನೊಂದೂ ಮುಗಿಯಿತು.
ನೀರು ತಿಳಿಯಾಗಿ, ಆಚೆಗಿನ ಹೊಂಗೆ ಮರ ಕಾಣುತ್ತಿತ್ತು.

ಒಂದು ಹೆಂಟೆ ಅಂಗೈಯಲ್ಲಿಟ್ಟು ಮುರಿದಳು.
ಒಡೆಯಲಿಲ್ಲ ಅದು, ಬಿಡಿಸಿಕೊಂಡಿತು,
ಹೊಸ ಬೆಲ್ಲದಚ್ಚಿನ ಮೂಲೆ ಮುರಿದಂತೆ,
ಕಾಳು ಕಾಳಾಗಿ, ಕಾಳೊಳಗೆ ಮತ್ತೆ ಕಾಳು.
ನಡುವೆ ಬೂಜಿನೆಳೆ, ಉಸಿರು ಬಿಟ್ಟರೆ ಅಲುಗುವಷ್ಟು ಸಣ್ಣದು,
ಹೋದ ವರ್ಷದ ಅಲಸಂದೆಯ ಬೇರು, ಎರೆಹುಳದ ಹಿಕ್ಕೆ,
ಮತ್ತೆ ಸಂದು. ಸಂದೇ ಜಾಸ್ತಿ.
"ಬೇರು ಜೊಲ್ಲು ಸುರಿಸುತ್ತೆ ಕಣಪ್ಪ, ಅದಕ್ಕೆ ಹುಳ ಹುಪ್ಪಟೆ ಮುತ್ತುತ್ತೆ,
ಅವು ಉಂಡು, ಸತ್ತು, ಅಂಟಾಗುತ್ತೆ.
ನೆಂದು ಒಣಗಿ ನೆಂದು ಒಣಗಿ ಗಂಟು ಬೀಳುತ್ತೆ.
ಕಟ್ಟೋದು ಮಣ್ಣಲ್ಲ, ಸಂದು.
ನೀರು ಕೂರಬೇಕಲ್ಲ, ಗಾಳಿ ಓಡಾಡಬೇಕಲ್ಲ.
ಹತ್ತು ವರ್ಷದ ಗಂಟು ಇದು.
ನೀನು ಒಂದು ಗಂಟೇಲಿ ಬಿಚ್ಚಿ ಹೋಗ್ತೀಯ, ಸಾವಿರದಿನ್ನೂರಕ್ಕೆ."

ಮಾತಿಗೆ ಮಾತು ಸಿಗಲಿಲ್ಲ. ಗಾಡಿ ಹಿಂದಕ್ಕೆ ತಿರುಗಿಸಿದೆ.

ಎಂಟು ದಿನಕ್ಕೆ ಮಳೆ ಬಂತು, ಅರ್ಧ ತಾಸು, ಜೋರು.
ನನ್ನ ಹಿಟ್ಟು ನುಣ್ಣಗೆ ಕಲಸಿಕೊಂಡು,
ಮಾರನೆ ದಿನದ ಬಿಸಿಲಿಗೆ ಹಪ್ಪಳವಾಯಿತು.
ಕದಿರಪ್ಪನ ರಾಗಿ ಮೊಳಕೆ ಹಪ್ಪಳದಡಿ ಬೆಳ್ಳಗೆ ಬಾಗಿ
ತಲೆಯಿಂದ ಗುದ್ದುತ್ತಿತ್ತು.
ಅವನ ಹೊಲದ ಕೆಂಪು ನೀರು ನನ್ನ ಚಕ್ರದ ಗುರುತು ಹಿಡಿದು
ರಸ್ತೆ ದಾಟಿ ಕೆರೆಗೆ ಹೋಗಿತ್ತು, ದಾರಿ ಗೊತ್ತಿರುವವರ ಹಾಗೆ.

ಪಿಳ್ಳಕ್ಕನ ಬದುವಿನಿಂದ ಏನೂ ಹರಿದಿರಲಿಲ್ಲ.
ಯಾರೂ ನೋಡದಾಗ ಕೈ ಹಾಕಿ ನೋಡಿದೆ.
ಮಣಿಕಟ್ಟಿನವರೆಗೆ ಇಳಿಯಿತು. ತಣ್ಣಗೆ. ಹದವಾಗಿ.
ಹದ ಅನ್ನುವ ಮಾತನ್ನು
ಹದಿನಾರನೆ ವಯಸ್ಸಿನಿಂದ ಆಡುತ್ತಾ ಬಂದಿದ್ದೇನೆ.

ಹಾಗಂತ ಗಾಡಿ ನಿಲ್ಲಿಸಿಲ್ಲ. ಸುಳ್ಳು ಯಾಕೆ ಹೇಳಲಿ,
ನಾಳೆ ಬೆಳಿಗ್ಗೆ ಮಾಸ್ತಿ ಕಡೆ ಮೂರು ಎಕರೆಗೆ ಕರೆದಿದ್ದಾರೆ.
"ಒಂದೇ ಸಾಲು ಸಾಕು" ಅಂದು ನೋಡುತ್ತೇನೆ.
"ಕಾಸು ಕೊಡೋದು ನಾವು" ಅನ್ನುತ್ತಾರೆ.

ರಾತ್ರಿ ಅಂಜಿನಮ್ಮ ಮುದ್ದೆ ತಿರುವುತ್ತಿದ್ದಳು,
ಕೋಲನ್ನು ಪಾತ್ರೆಯ ಅಂಚಿಗೊತ್ತಿ
ಒಂದೊಂದೇ ಗಂಟು ಹುಡುಕಿ ಒಡೆಯುತ್ತಾ.
"ಒಂದು ಬಿಡೇ" ಅಂದೆ.
ತಿರುವುವುದು ನಿಲ್ಲಿಸಿ ನನ್ನ ಮುಖವನ್ನೇ ನೋಡಿದಳು,
ಬಿಸಿಲು ಬಡಿಯಿತೇನೋ ಇವನಿಗೆ ಅನ್ನುವ ಹಾಗೆ.